ಪುಟ ತಿರುವುವ ಸದ್ದು

ನಾನು ಬರೀ ಮೈಕು ಹಿಡಿಯುವವನು.
ಚಿತ್ರ ಅವಳದು, ಚೌಕಟ್ಟು ಅವಳದು,
ಸಾಲ ಇಬ್ಬರದೂ.
ಪಣಜಿಯ ಹಳೇ ಜೆಟ್ಟಿಯ ಹತ್ತಿರ
ಗಾಳಿ ಹೊಡೆಯದಿರಲೆಂದು ಮೈಕಿಗೆ
ಲಾಡ್ಜಿನ ಟವೆಲ್ಲು ಸುತ್ತುತ್ತಿದ್ದೆ.
ಸ್ಟ್ಯಾಂಡಿನ ಮೂರು ಕಾಲು ಬಿಡಿಸುವ ಮೊದಲೇ
ಪೊಲೀಸಪ್ಪ ಬಂದ. ಅವಳನ್ನು ನೋಡಿದ,
ಅವಳ ಕೂದಲು ನೋಡಿದ,
ಪಾಸ್‌ಪೋರ್ಟ್ ಎಂದ.

ಯಾವ ಪಾಸ್‌ಪೋರ್ಟು, ಎಂದಳು ಕೊಂಕಣಿಯಲ್ಲಿ.
ಅವನಿಗೆ ಅದು ಕೇಳಿಸಲೇ ಇಲ್ಲ.
ಕಣ್ಣು ಮುಂದೆ ಓಡಿದರೆ ಕಿವಿ ಹಿಂದೆ ಉಳಿಯುತ್ತದೆ,
ಇಪ್ಪತ್ತು ವರ್ಷದ ಕಸುಬಿನಲ್ಲಿ ನಾನು ಕಲಿತದ್ದು ಇಷ್ಟೇ.
ಯಾವ ದೇಶ, ಎಂದ ಇಂಗ್ಲಿಷಿನಲ್ಲಿ.
'ಯಲ್ಲಾಪುರ ತಾಲೂಕು,' ಎಂದಳು ಕನ್ನಡದಲ್ಲಿ.

ಆಧಾರ್ ಕಾರ್ಡು ತೆಗೆದಳು:
ನಾತಾಳಿನಾ ಬಸ್ತ್ಯಾಂವ ಸಿದ್ದಿ.
ಅವನು ಫೋಟೋ ನೋಡಿದ, ಮುಖ ನೋಡಿದ, ಮತ್ತೆ ಫೋಟೋ.
ಬೆರಳು ಪ್ಲಾಸ್ಟಿಕ್ಕನ್ನು ಉಜ್ಜುವುದು
ನನ್ನ ಹೆಡ್‌ಫೋನಿಗೆ ಚೆನ್ನಾಗಿ ಕೇಳಿಸಿತು,
ಬಣ್ಣ ಬಿಡುತ್ತದೇನೋ ಎಂಬಂತೆ.

ನನ್ನನ್ನು ಯಾರೂ ಏನೂ ಕೇಳಲಿಲ್ಲ.
ಅಪ್ಪ ಗದಗಿನವನು, ನಾನು ಹುಟ್ಟಿದ್ದು ಮಿರಜಿನಲ್ಲಿ,
ಪಣಜಿಯಲ್ಲಿ ನನ್ನದೆಂಬುದು ಒಂದು ಲಾಡ್ಜಿನ ರಸೀದಿ.
ಅವಳ ಹಿರಿಯರು ಈ ದಡಕ್ಕೆ ಬಂದು
ಎಷ್ಟು ತಲೆಮಾರೋ.
ಬಂದದ್ದಲ್ಲ, ತಂದದ್ದು.
ತಂದದ್ದಕ್ಕೆ ಲೆಕ್ಕ ಇರುತ್ತದೆ.

ಆ ಲೆಕ್ಕ ನೋಡಲೆಂದೇ ಮಾರನೇ ದಿನ
ದಫ್ತರಖಾನೆಗೆ ಹೋದೆವು.
ಮೇಜಿನ ಆಚೆ ಕೂತ ಮಿನೇಝಿಶ್ ಬಾಯಿ
ಕನ್ನಡಕದ ಮೇಲಿಂದ ನಮ್ಮನ್ನೂ
ಕೆಳಗಿಂದ ನಿಯಮಗಳನ್ನೂ ಓದಿದರು:
ಫೋಟೋ ತೆಗೆಯುವಂತಿಲ್ಲ, ವಿಡಿಯೊ ತೆಗೆಯುವಂತಿಲ್ಲ,
ಪೆನ್ನು ಒಳಗೆ ತರುವಂತಿಲ್ಲ.
ನಾತಾಳಿನಾ ಕ್ಯಾಮೆರಾ ಚೀಲಕ್ಕೆ ಹಾಕಿ
'ಸದ್ದು?' ಎಂದಳು.
ಸದ್ದಿನ ಬಗ್ಗೆ ನಿಯಮದಲ್ಲಿ ಏನೂ ಇರಲಿಲ್ಲ.
ಬಾಯಿ ಎರಡು ಸಲ ಹುಡುಕಿದರು. ನಕ್ಕರು.

ಹಾಗೆ ತೆರೆಯಿತು ರಿಜಿಸ್ಟರು.
ಹುಳು ತಿಂದ ಹಾಳೆ, ಬಾಗಿದ ಅಕ್ಷರ.
ನಮಗಿಬ್ಬರಿಗೂ ಪೋರ್ತುಗೀಸು ಬಾರದು,
ಬಾಯಿಯೇ ಬೆರಳಿಟ್ಟು ಓದಿದರು, ಮೆತ್ತಗೆ:
ಹೆಸರು ಮರಿಯಾ. ವಯಸ್ಸು ಹನ್ನೆರಡಿರಬಹುದು.
ಊರು, ಖಾಲಿ.
ಹೆಸರು ಮರಿಯಾ.
ಜುವಾಂವ, ಬಲಗಿವಿ ಹರಿದಿದೆ.
ಮರಿಯಾ.
ಊರು ಖಾಲಿ. ಊರು ಖಾಲಿ.
ನಡುನಡುವೆ ಪುಟ ತಿರುವುವ ಸದ್ದು:
ಒಣಗಿದ ಸಾಗವಾನಿ ಎಲೆಯ ಮೇಲೆ
ಯಾರೋ ರಾತ್ರಿ ಬರಿಗಾಲಲ್ಲಿ ಹೋಗುವ ಹಾಗೆ,
ನಿಂತು, ಆಲಿಸಿ, ಮತ್ತೆ ಹೋಗುವ ಹಾಗೆ
ಘಟ್ಟದ ಕಡೆಗೆ.

ಇದರಲ್ಲಿ ನನ್ನವಳು ಯಾರು
ಎಂದು ನಾತಾಳಿನಾ ಕೇಳಲಿಲ್ಲ.
ಓಡಿಹೋದವರ ಪಟ್ಟಿ ಬೇರೆ ಇದೆಯೇ
ಎಂದು ಕೇಳಿದಳು.

ಪ್ರದರ್ಶನ ಫೊಂತಾಯ್ನಾಶ್‌ನ ಹಳದಿ ಮನೆಯೊಂದರ ಹಿತ್ತಲಲ್ಲಿ.
ಪರದೆಯ ಬದಲು ಅವಳ ಮಾವಶಿ ಹೊಲಿದ ಕೌದಿ:
ಹಳೇ ಲಂಗ, ಶಾಲೆಯ ಅಂಗಿ, ಯಾರದೋ ಲುಂಗಿ.
ಅದರ ಮೇಲೆ ಮಾಂಡವಿ ಹೊಳೆಯನ್ನು ಬಿಟ್ಟಳು,
ಹೊಲಿಗೆ ಹೊಲಿಗೆಗೂ ನೀರು ತಡವರಿಸಿತು.
ರಿಜಿಸ್ಟರಿನ ಚಿತ್ರವಿಲ್ಲ, ಸದ್ದಷ್ಟೇ.
ವೈನು ಹಿಡಿದವರೊಬ್ಬರು, ಒಳ್ಳೆಯ ಮನಸ್ಸಿನಿಂದಲೇ,
ಕೊನೆಗೂ ನಿಮ್ಮ ಬೇರು ಸಿಕ್ಕಿತೇ ಎಂದರು.
'ನಾನೇನು ಗೆಣಸೇ?' ಎಂದಳು.

ಕಾರವಾರದ ಬಸ್ಸು ಹಿಡಿದು ಬಂದ ಮಾವಶಿಗೆ ಮಾತ್ರ
ಮೈಯೆಲ್ಲ ಸಿಟ್ಟು.
ಮೂಲೆಗೆ ಹೂವು ಕೂರಿಸುವ ಮೊದಲೇ
ಹುಡುಗಿ ಕೌದಿ ಎತ್ತಿಕೊಂಡು ಬಂದಿದ್ದಳು.
ಹೂವಿಲ್ಲದ ಕೌದಿ ಬತ್ತಲೆ, ಅದೂ ಇಷ್ಟು ಜನರೆದುರು!
ಪ್ರೊಜೆಕ್ಟರು ಓಡುತ್ತಿರುವಾಗಲೇ
ಸೂಜಿ ದಾರ ಹಿಡಿದು ಪರದೆಯ ಮುಂದೆ ಕೂತರು,
ಬೆನ್ನ ಮೇಲೆ ಹೊಳೆ ಹರಿಯಿತು.
ನಾತಾಳಿನಾ ನಿಲ್ಲಿಸಲಿಲ್ಲ.
ಕ್ಯಾಮೆರಾ ಹುಡುಕಲೂ ಇಲ್ಲ.
ನಾನು ಅಭ್ಯಾಸಬಲದಿಂದ ಮೈಕು ಚಾಚಿದೆ.

ಮೂರು ಮೂಲೆ ಆಯಿತು,
ನಾಲ್ಕನೆಯದಕ್ಕೆ ಬಟ್ಟೆ ಸಾಲಲಿಲ್ಲ.
ಮಾವಶಿ ಸುತ್ತ ನೋಡಿದರು,
ಮೈಕಿಗೆ ಸುತ್ತಿದ ಟವೆಲ್ಲನ್ನು
ಕೇಳದೆಯೇ ಎಳೆದುಕೊಂಡು
ಹಲ್ಲಿನಲ್ಲಿ ಹರಿದರು.

ಬೆಳಿಗ್ಗೆ ಲಾಡ್ಜಿನವನು ಲೆಕ್ಕ ನೋಡಿ
ಅರವತ್ತು ರೂಪಾಯಿ ಹಿಡಿದುಕೊಂಡ.